ಗುಂಡಗಿದ್ದ ಮಾತ್ರಕ್ಕೆ ಉಲ್ಕಾಕುಳಿ ಆದೀತೇ?

ಪ್ರಶ್ನೆ: ಉಪಗ್ರಹ ಚಿತ್ರ ನೋಡುವಾಗ ಸುಮಾರು ಎರಡು ಕಿಲೋಮೀಟರ್ ಅಗಲದ, ಕೈವಾರ ಹಿಡಿದು ಗೀಚಿದಷ್ಟು ಗುಂಡನೆಯ ತಗ್ಗೊಂದು ಕಣ್ಣಿಗೆ ಬಿತ್ತು. ಸುತ್ತಲೂ ಅಂಚು ಎದ್ದಿದೆ. ಉಲ್ಕೆ ಬಿದ್ದು ಆದ ಕುಳಿ ಎನ್ನಲು ಇಷ್ಟು ಸಾಲದೇ?

ಉತ್ತರ: ಸಾಲದು. ಜ್ವಾಲಾಮುಖಿಯ ಬಾಯಿ ಕುಸಿದರೂ ಗುಂಡನೆಯ ತಗ್ಗಾಗುತ್ತದೆ, ಸುಣ್ಣಕಲ್ಲು ಕರಗಿ ನೆಲ ಕೆಳಗಿಳಿದರೂ ಆಗುತ್ತದೆ. ಆಳದ ಉಪ್ಪಿನ ಪದರ ಮೇಲಕ್ಕೆ ಉಬ್ಬಿ ಸವೆದರೆ ಉಂಗುರಗಳೇ ಕಾಣುತ್ತವೆ. ಮಾರಿಟೇನಿಯಾದ ರಿಷಾಟ್ ರಚನೆ ಸುಮಾರು 40 ಕಿ.ಮೀ. ಅಗಲವಿದ್ದು, ಒಂದರೊಳಗೊಂದು ಉಂಗುರ ಇಟ್ಟಂತಿದೆ. ಒಂದು ಕಾಲಕ್ಕೆ ಅದನ್ನು ಉಲ್ಕಾಕುಳಿ ಎಂದೇ ಎಣಿಸಿದ್ದರು; ಅಧಿಕ ಒತ್ತಡದಲ್ಲಿ ಹುಟ್ಟುವ ಕೋಯೆಸೈಟ್ ಅಲ್ಲಿ ಸಿಕ್ಕಿದೆ ಎಂಬ ವರದಿಯೂ ಬಂದಿತ್ತು. ಮತ್ತೆ ಪರೀಕ್ಷಿಸಿದಾಗ ಅದು ಬ್ಯಾರೈಟ್ ಎಂಬ ಸಾಮಾನ್ಯ ಖನಿಜ ಎಂದು ತಿಳಿಯಿತು. ಈಗ ರಿಷಾಟ್ ಅನ್ನು ಉಬ್ಬಿ ಸವೆದ ಶಿಲಾಗುಮ್ಮಟ ಎಂದು ಒಪ್ಪಲಾಗಿದೆ. ಇದಕ್ಕೆ ತದ್ವಿರುದ್ಧ ಪಶ್ಚಿಮ ಆಸ್ಟ್ರೇಲಿಯಾದ ಯರ್ರಬುಬ್ಬ. ಅಲ್ಲಿ ನಿಂತು ನೋಡಿದರೆ ತಗ್ಗೂ ಇಲ್ಲ, ಅಂಚೂ ಇಲ್ಲ, ಎಲ್ಲ ಸವೆದುಹೋಗಿದೆ. ಆದರೂ ಅದು ಖಚಿತವಾದ ಉಲ್ಕಾಘಾತದ ತಾಣ.

ಹಾಗಾಗಿ ಆಕಾರ ಬರೀ ಸುಳಿವು. ಸಾಕ್ಷ್ಯ ಇರುವುದು ಕಲ್ಲಿನೊಳಗೆ. ಸ್ಫೋಟಿಸುವ ಜ್ವಾಲಾಮುಖಿಯಲ್ಲೂ ಒತ್ತಡ 1 ಗಿಗಾಪಾಸ್ಕಲ್, ಅಂದರೆ ವಾತಾವರಣದ ಒತ್ತಡದ ಸುಮಾರು ಹತ್ತು ಸಾವಿರ ಪಟ್ಟು, ದಾಟುವುದಿಲ್ಲ. ಸೆಕೆಂಡಿಗೆ 20 ಕಿ.ಮೀ. ವೇಗದಲ್ಲಿ ಬಂದ ಕಾಯ ನೆಲಕ್ಕೆ ಅಪ್ಪಳಿಸಿದಾಗ ಹತ್ತಾರು, ಕೆಲವೊಮ್ಮೆ ನೂರಕ್ಕೂ ಹೆಚ್ಚು ಗಿಗಾಪಾಸ್ಕಲ್ ಒತ್ತಡ ಕ್ಷಣಾರ್ಧದಲ್ಲಿ ಬಂದು ಹೋಗುತ್ತದೆ. ಆ ಹೊಡೆತ ಖನಿಜದಲ್ಲಿ ಬಿಡುವ ಗುರುತನ್ನು ಭೂಮಿಯ ಮೇಲ್ಪದರದ ಬೇರಾವ ಸಹಜ ಕ್ರಿಯೆಯೂ ಬಿಡಲಾರದು.

ಬರಿಗಣ್ಣಿಗೆ ಕಾಣುವ ಖಚಿತ ಗುರುತು ಒಂದೇ: ಶ್ಯಾಟರ್ ಕೋನ್. ಕಲ್ಲು ಶಂಕುವಿನಾಕಾರದಲ್ಲಿ ಸೀಳಿರುತ್ತದೆ. ಶಂಕುವಿನ ಮೈಮೇಲೆ ಕುದುರೆಬಾಲದಂತೆ ಕವಲೊಡೆಯುತ್ತ ಹೋಗುವ ಗೀರುಗಳಿರುತ್ತವೆ. ನುಣುಪು ಕಣದ ಸುಣ್ಣಕಲ್ಲಿನಲ್ಲಿ ಇವು ಬಲು ಸ್ಪಷ್ಟ, ಒರಟು ಗ್ರಾನೈಟ್‌ನಲ್ಲಿ ಮಸುಕು. ಗಾಳಿ ಮರಳು ಉಜ್ಜಿ ಮಾಡಿದ ಗೀರುಗಳನ್ನು ನೋಡಿ ಮೋಸಹೋದವರು ಬಹಳ ಮಂದಿ. ಗೀರು ಕಲ್ಲಿನ ಹೊರಮೈಯಲ್ಲಷ್ಟೇ ಇದ್ದರೆ ಅದು ಗಾಳಿಯ ಕೆಲಸ. ಸುತ್ತಿಗೆಯಿಂದ ಒಡೆದಾಗ ಒಳಗಿನ ಹೊಸ ಮೈಯಲ್ಲೂ ಶಂಕುಗಳು ತೆರೆದುಕೊಂಡರೆ ಮುಂದಿನ ಪರೀಕ್ಷೆಗೆ ಹೋಗಬಹುದು.

ಮುಂದಿನದು ಸೂಕ್ಷ್ಮದರ್ಶಕದ ಕೆಲಸ. ಬಂಡೆಯಿಂದ ಚೂರು ಕತ್ತರಿಸಿ, ಗಾಜಿಗೆ ಅಂಟಿಸಿ, 0.03 ಮಿ.ಮೀ. ದಪ್ಪಕ್ಕೆ ಉಜ್ಜಿ ಇಳಿಸುತ್ತಾರೆ. ಧ್ರುವೀಕೃತ ಬೆಳಕಿನಲ್ಲಿ ಕ್ವಾರ್ಟ್ಜ್ (ಬೆಣಚುಕಲ್ಲು) ಕಣಗಳನ್ನು ಒಂದೊಂದಾಗಿ ಹುಡುಕುತ್ತಾರೆ. ಆಘಾತ ತಿಂದ ಕಣದಲ್ಲಿ ನೇರ, ಸಮಾನಾಂತರ, ಕೂದಲಿಗಿಂತ ಎಷ್ಟೋ ಸಣ್ಣ ಪಟ್ಟಿಗಳು ಕಾಣುತ್ತವೆ. ಒಂದೊಂದರ ನಡುವೆ ಅಂತರ 2ರಿಂದ 10 ಮೈಕ್ರೋಮೀಟರ್. ಒಂದೇ ಕಣದಲ್ಲಿ ಬೇರೆ ಬೇರೆ ದಿಕ್ಕಿನ ಎರಡು ಮೂರು ಗುಂಪು ಇರುವುದೂ ಉಂಟು. ಸುಮಾರು 10ರಿಂದ 35 ಗಿಗಾಪಾಸ್ಕಲ್ ನಡುವೆ ಇವು ಹುಟ್ಟುತ್ತವೆ. ಅದಕ್ಕೂ ಮೀರಿದರೆ ಹರಳು ಕರಗದೆಯೇ ಗಾಜಾಗುತ್ತದೆ, ಇನ್ನೂ ಮೀರಿದರೆ ಬಂಡೆಯೇ ಕರಗುತ್ತದೆ.

ಎಡವಟ್ಟು ಹೆಚ್ಚಾಗಿ ಆಗುವುದು ಈ ಹಂತದಲ್ಲೇ. ಬೆಟ್ಟ ಏಳುವಾಗ ನಿಧಾನವಾಗಿ ಒತ್ತಿಸಿಕೊಂಡ ಕ್ವಾರ್ಟ್ಜ್‌ನಲ್ಲೂ ಪಟ್ಟಿಗಳಿರುತ್ತವೆ, ಆದರೆ ಅವು ದಪ್ಪ, ಬಾಗಿದವು, ದೂರದೂರ, ಸಾಮಾನ್ಯವಾಗಿ ಒಂದೇ ಗುಂಪು. ಕಣ್ಣಂದಾಜು ಇಲ್ಲಿ ನಡೆಯದು; ಕೋನ ಅಳೆಯಲೇಬೇಕು. ಹರಳನ್ನು ಎಲ್ಲ ದಿಕ್ಕಿಗೂ ತಿರುಗಿಸಬಲ್ಲ ಪೀಠದ ಮೇಲಿಟ್ಟು, ಹರಳಿನ ಮುಖ್ಯ ಅಕ್ಷಕ್ಕೂ ಪಟ್ಟಿಯ ಲಂಬಕ್ಕೂ ನಡುವಿನ ಕೋನ ತೆಗೆಯುತ್ತಾರೆ. ಆಘಾತದ ಪಟ್ಟಿಗಳು ಸುಮಾರು 23 ಡಿಗ್ರಿ, 32 ಡಿಗ್ರಿಯಂಥ ಕೆಲವೇ ನಿಶ್ಚಿತ ಕೋನಗಳಲ್ಲಿ ಗುಂಪುಗೂಡುತ್ತವೆ. ಹತ್ತಾರು ಕಣ ಅಳೆದ ಮೇಲೂ ಕೋನಗಳು ಹೇಗೆಂದರೆ ಹಾಗೆ ಚದುರಿದ್ದರೆ ಆ ತಗ್ಗನ್ನು ಉಲ್ಕಾಕುಳಿಯ ಪಟ್ಟಿಗೆ ಸೇರಿಸುವಂತಿಲ್ಲ. ಇಡೀ ಭೂಮಿಯಲ್ಲಿ ಖಚಿತವಾದ ಕುಳಿಗಳು ಸುಮಾರು 200 ಮಾತ್ರ ಇರುವುದಕ್ಕೆ ಈ ಬಿಗಿ ಪರೀಕ್ಷೆಯೂ ಒಂದು ಕಾರಣ. ಈ ಬಿಗಿಯನ್ನು ಸಡಿಲಿಸಬಾರದು.

ಲಾವಾ ಆರಿ ಗಟ್ಟಿಯಾದ ಬಸಾಲ್ಟ್ ಕಲ್ಲಿನ ನೆಲದಲ್ಲಿ ಇನ್ನೊಂದು ತೊಡಕು: ಅದರಲ್ಲಿ ಕ್ವಾರ್ಟ್ಜ್ ಇಲ್ಲವೆನ್ನುವಷ್ಟು ಕಡಿಮೆ. ಮಹಾರಾಷ್ಟ್ರದ ಲೋಣಾರ್ ಕುಳಿ ದಖ್ಖನ್ ಬಸಾಲ್ಟ್‌ನಲ್ಲೇ ಆದದ್ದು. ಅಲ್ಲಿ ಫೆಲ್ಡ್‌ಸ್ಪಾರ್ ಎಂಬ ಖನಿಜದ ಹರಳುಗಳು ತಮ್ಮ ಆಕಾರ ಉಳಿಸಿಕೊಂಡೇ ಗಾಜಾಗಿರುವ ಮ್ಯಾಸ್ಕೆಲಿನೈಟ್ ಸಿಕ್ಕಿತು. ಅದು ಜ್ವಾಲಾಮುಖಿಯ ಬಾಯಿಯಲ್ಲ ಎಂದು ನಿರ್ಧಾರವಾದದ್ದು ಇಂಥ ಗುರುತುಗಳಿಂದ.

ಪ್ರಶ್ನೆ: ಇಷ್ಟು ದೊಡ್ಡ ಕುಳಿ ತೋಡಿದ ಕಲ್ಲು ತಳದಲ್ಲೇ ಹೂತಿರಬೇಕಲ್ಲ? ಅಗೆದರೆ ಸಿಗುವುದಿಲ್ಲವೇ?

ಉತ್ತರ: ಈ ಊಹೆಯನ್ನೇ ನಂಬಿ ಇಬ್ಬರು ದೊಡ್ಡವರು ಎರಡು ಬಗೆಯಲ್ಲಿ ತಪ್ಪಿದರು. ಅಮೆರಿಕದ ಅರಿಜೋನಾದಲ್ಲಿ ಸುಮಾರು 1.2 ಕಿ.ಮೀ. ಅಗಲದ ಕುಳಿಯಿದೆ, ಸುತ್ತ ಕಬ್ಬಿಣದ ಉಲ್ಕೆಯ ಚೂರುಗಳು ಚೆಲ್ಲಿವೆ. 1891ರಲ್ಲಿ ಅಲ್ಲಿಗೆ ಹೋದ ಭೂವಿಜ್ಞಾನಿ ಗ್ರೋವ್ ಕಾರ್ಲ್ ಗಿಲ್ಬರ್ಟ್ ಎರಡು ಪರೀಕ್ಷೆ ಮಾಡಿದರು. ಕಬ್ಬಿಣದ ಗುಡ್ಡೆ ತಳದಲ್ಲಿದ್ದರೆ ದಿಕ್ಸೂಚಿ ಹೊರಳಬೇಕು; ಅಂಚಿನಲ್ಲಿ ಬಿದ್ದಿರುವ ಮಣ್ಣುಕಲ್ಲು ತಗ್ಗಿನ ಗಾತ್ರಕ್ಕಿಂತ ಹೆಚ್ಚಿರಬೇಕು. ಎರಡೂ ಆಗಲಿಲ್ಲ. ಹಬೆಯ ಸ್ಫೋಟದಿಂದ ಆದ ಕುಳಿ ಎಂದು ಅವರು ತೀರ್ಮಾನಿಸಿದರು. 1903ರಿಂದ ಡೇನಿಯಲ್ ಬ್ಯಾರಿಂಜರ್, ಇದು ಉಲ್ಕಾಕುಳಿಯೇ ಎಂದು ಸರಿಯಾಗಿಯೇ ನಂಬಿ, ಕಬ್ಬಿಣಕ್ಕಾಗಿ ಕಾಲು ಶತಮಾನ ಕೊರೆಸಿದರು. ಅವರು ತೀರಿಕೊಂಡ 1929ರವರೆಗೂ ಆ ಗುಡ್ಡೆ ಸಿಗಲಿಲ್ಲ.

ಇಬ್ಬರಿಗೂ ಕೈಕೊಟ್ಟದ್ದು ವೇಗದ ಲೆಕ್ಕ. ಸೆಕೆಂಡಿಗೆ 20 ಕಿ.ಮೀ. ಓಡುವ ಒಂದು ಕಿಲೋ ವಸ್ತುವಿನಲ್ಲಿ ಸುಮಾರು 20 ಕೋಟಿ ಜೂಲ್ ಶಕ್ತಿಯಿದೆ, ಅಂದರೆ ಒಂದು ಕಿಲೋ ಟಿಎನ್‌ಟಿ ಸ್ಫೋಟಕದ ಶಕ್ತಿಯ ಸುಮಾರು 48 ಪಟ್ಟು. ಆ ಶಕ್ತಿಯಲ್ಲಿ ಅಪ್ಪಳಿಸಿದ ಕಾಯದ ಬಹುಪಾಲು ಆವಿಯಾಗಿ, ಕರಗಿ, ಚದುರುತ್ತದೆ. ಕುಳಿಯ ಅಗಲ ಸಾಮಾನ್ಯವಾಗಿ ಬಂದ ಕಾಯದ ಹತ್ತರಿಂದ ಇಪ್ಪತ್ತು ಪಟ್ಟು. ಅರಿಜೋನಾದ ಉಲ್ಕೆ ಸುಮಾರು 50 ಮೀಟರ್ ಇದ್ದಿರಬೇಕು. 1960ರಲ್ಲಿ ಅಲ್ಲಿನ ಮರಳುಗಲ್ಲಿನಲ್ಲಿ ಕೋಯೆಸೈಟ್ ಸಿಕ್ಕಿತು. ರಿಷಾಟ್‌ನಲ್ಲಾದಂತಲ್ಲ, ಇದು ನಿಜವಾದ ಕೋಯೆಸೈಟ್.

ಬಂದ ಕಾಯ ಯಾವ ಜಾತಿಯದು ಎಂದು ತಿಳಿಯಬೇಕಾದರೆ ಕರಗಿ ಗಟ್ಟಿಯಾದ ಕಲ್ಲಿನ ರಸಾಯನ ನೋಡುತ್ತಾರೆ. ಇರಿಡಿಯಂ, ಆಸ್ಮಿಯಂ, ನಿಕಲ್ ಭೂಮಿಯ ಹೊರಚಿಪ್ಪಿನಲ್ಲಿ ವಿರಳ, ಉಲ್ಕೆಗಳಲ್ಲಿ ಹೆಚ್ಚು. ಆಸ್ಮಿಯಂನ 187 ಮತ್ತು 188 ಐಸೋಟೋಪುಗಳ (ಒಂದೇ ಧಾತುವಿನ ಬೇರೆ ಬೇರೆ ತೂಕದ ಪರಮಾಣುಗಳ) ಅನುಪಾತ ಉಲ್ಕೆಗಳಲ್ಲಿ 0.13ರ ಆಸುಪಾಸು, ಹಳೆಯ ಖಂಡಶಿಲೆಯಲ್ಲಿ 1ಕ್ಕಿಂತ ಹೆಚ್ಚು. ಹಾಗಾಗಿ ನೂರರಲ್ಲಿ ಒಂದು ಪಾಲಿಗಿಂತ ಕಡಿಮೆ ಉಲ್ಕಾದ್ರವ್ಯ ಬೆರೆತಿದ್ದರೂ ಗೊತ್ತಾಗುತ್ತದೆ. ಆದರೆ ಭೂಮಿಯ ಆಳದ ಮ್ಯಾಂಟಲ್ ಕಲ್ಲಿನ ಅನುಪಾತವೂ ಕಡಿಮೆಯೇ. ಅಂಥ ಕಲ್ಲು ಸುತ್ತಮುತ್ತ ಇಲ್ಲ ಎಂದು ಖಚಿತಪಡಿಸಿಕೊಳ್ಳದೆ ಈ ಅಂಕಿಯನ್ನು ನೆಚ್ಚಬಾರದು.

ಪ್ರಶ್ನೆ: ಉಲ್ಕೆಗಳು ಓರೆಯಾಗಿ ಬರುತ್ತವೆ. ಕುಳಿಗಳೇಕೆ ಉದ್ದುದ್ದವಾಗಿಲ್ಲ?

ಉತ್ತರ: ಉಲ್ಕೆ ನೆಲವನ್ನು ಉಳುವುದಿಲ್ಲ, ಸಿಡಿಯುತ್ತದೆ. ಆಘಾತ ತರಂಗ ಒಂದು ಬಿಂದುವಿನಿಂದ ಎಲ್ಲ ದಿಕ್ಕಿಗೂ ಹರಡಿ ನೆಲವನ್ನು ಎತ್ತಿ ಎಸೆಯುತ್ತದೆ. ನೆಲಕ್ಕೆ ಸುಮಾರು 15 ಡಿಗ್ರಿಗಿಂತ ಕಡಿಮೆ ಕೋನದಲ್ಲಿ ಬಂದರೆ ಮಾತ್ರ ಕುಳಿ ಉದ್ದವಾಗುತ್ತದೆ.

ಪ್ರಶ್ನೆ: ಮಣ್ಣಿನಡಿ, ಕಡಲಡಿ ಮುಚ್ಚಿಹೋದ ಕುಳಿಯನ್ನು ಹೇಗೆ ಹುಡುಕುತ್ತಾರೆ?

ಉತ್ತರ: ಮೊದಲು ಗುರುತ್ವ ಮಾಪನ. ನುಚ್ಚುನೂರಾದ ಬಂಡೆ ಹಗುರ, ಆದ್ದರಿಂದ ಕುಳಿಯ ಮೇಲೆ ಗುರುತ್ವ ತುಸು ಕಡಿಮೆ. ಒಂದೆರಡು ಕಿಲೋಮೀಟರ್ ಅಗಲದ ಕುಳಿಯಲ್ಲಿ ಈ ಇಡೀ ವ್ಯತ್ಯಾಸ ಒಂದೆರಡು ಮಿಲಿಗ್ಯಾಲ್ ಅಷ್ಟೆ; ಒಂದು ಮಿಲಿಗ್ಯಾಲ್ ಎಂದರೆ ಭೂಮಿಯ ಗುರುತ್ವದ ಸುಮಾರು ಹತ್ತು ಲಕ್ಷದಲ್ಲೊಂದು ಪಾಲು. ಅಳತೆ ಮಾಡಿದ ಜಾಗದ ಎತ್ತರದಲ್ಲಿ ಒಂದು ಮೀಟರ್ ತಪ್ಪಿದರೆ ಸುಮಾರು 0.2 ಮಿಲಿಗ್ಯಾಲ್ ತಪ್ಪುತ್ತದೆ. ಐದು ಮೀಟರ್ ತಪ್ಪಿದರೆ ಇಲ್ಲದ ಕುಳಿಯೊಂದು ನಕ್ಷೆಯಲ್ಲಿ ಮೂಡುತ್ತದೆ. ಆದ್ದರಿಂದ ಎತ್ತರವನ್ನು ಸೆಂಟಿಮೀಟರ್ ಮಟ್ಟಕ್ಕೆ ಅಳೆಯುತ್ತಾರೆ. ಆಮೇಲೆ ಕಾಂತಕ್ಷೇತ್ರ, ಭೂಕಂಪನ ತರಂಗಗಳ ಪ್ರತಿಫಲನ. ಕೊನೆಗೆ ಕೊರೆಯಲೇಬೇಕು, ಏಕೆಂದರೆ ಹುದುಗಿದ ಗ್ರಾನೈಟ್ ಗಡ್ಡೆಯೂ ಇಂಥದೇ ಗುರುತ್ವದ ತಗ್ಗು ತೋರಿಸಬಲ್ಲದು.

ಮೆಕ್ಸಿಕೋದ ಚಿಕ್ಸುಲುಬ್ ಕುಳಿ ಸಿಕ್ಕಿದ್ದು ಹೀಗೆ. 1978ರಲ್ಲಿ ತೈಲ ಶೋಧಕ್ಕಾಗಿ ವಿಮಾನದಿಂದ ಕಾಂತಕ್ಷೇತ್ರ ಅಳೆಯುತ್ತಿದ್ದ ಗ್ಲೆನ್ ಪೆನ್‌ಫೀಲ್ಡ್ ಕಡಲಡಿಯಲ್ಲಿ ಭಾರಿ ಕಮಾನು ಕಂಡರು. ಹಳೆಯ ಗುರುತ್ವ ನಕ್ಷೆ ಅದನ್ನು ಪೂರ್ಣ ವೃತ್ತವಾಗಿಸಿತು. ಹಿಂದೆ ಅಲ್ಲಿ ಕೊರೆದಾಗ ಸಿಕ್ಕ ಕರಗಿದ ಕಲ್ಲನ್ನು ಜ್ವಾಲಾಮುಖಿಯದೆಂದು ಬದಿಗಿಟ್ಟಿದ್ದರು. 1991ರ ಹೊತ್ತಿಗೆ ಅದೇ ಮಾದರಿಗಳಲ್ಲಿ ಆಘಾತದ ಕ್ವಾರ್ಟ್ಜ್ ಕಂಡಿತು. 2016ರಲ್ಲಿ ಕಡಲತಳದಿಂದ 1,335 ಮೀಟರ್ ಆಳದವರೆಗೆ ಕೊರೆದು, ಕುಳಿಯೊಳಗಿನ ಉಂಗುರಬೆಟ್ಟದಿಂದ ಗ್ರಾನೈಟ್ ತೆಗೆದರು. ಸುಮಾರು ಹತ್ತು ಕಿಲೋಮೀಟರ್ ಎತ್ತರದ ಬಂಡೆಯ ರಾಶಿ ದ್ರವದಂತೆ ಉಕ್ಕಿ ಕುಸಿದು, ಆಳದ ಗ್ರಾನೈಟ್ ಕೆಲವೇ ನಿಮಿಷಗಳಲ್ಲಿ ಮೇಲೆ ಬಂದು ನಿಂತಿತ್ತು.

ಪ್ರಶ್ನೆ: ಲೋಣಾರ್ ವಯಸ್ಸು ಒಂದು ಕಡೆ 52,000 ವರ್ಷ, ಇನ್ನೊಂದು ಕಡೆ 5.7 ಲಕ್ಷ ವರ್ಷ ಎಂದಿದೆ. ಯಾವುದು ಸರಿ?

ಉತ್ತರ: ಎರಡೂ ಅಳೆದು ಬಂದ ಅಂಕಿಗಳೇ; ಗಡಿಯಾರಗಳು ಬೇರೆ. ಮೊದಲನೆಯದು ಥರ್ಮೋಲ್ಯುಮಿನೆಸೆನ್ಸ್: ಕಾಯಿಸಿದಾಗ ಖನಿಜ ಸೂಸುವ ಬೆಳಕಿನಿಂದ ವಯಸ್ಸು ತೆಗೆಯುವ ವಿಧಾನ. ಕೂಡಿಟ್ಟ ಸಂಕೇತ ಕಾಲಾಂತರದಲ್ಲಿ ಸೋರಿಹೋದರೆ ಕುಳಿ ಇದ್ದುದಕ್ಕಿಂತ ಎಳೆಯದಾಗಿ ಕಾಣುತ್ತದೆ. ಎರಡನೆಯದು ಕರಗಿದ ಕಲ್ಲಿನ ಆರ್ಗಾನ್-ಆರ್ಗಾನ್ ವಿಧಾನ: ಕಲ್ಲಿನ ಪೊಟ್ಯಾಸಿಯಂ ಕ್ಷಯಿಸಿ ಕೂಡಿಕೊಳ್ಳುವ ಆರ್ಗಾನ್ ಅನಿಲದಿಂದ ವಯಸ್ಸು ತೆಗೆಯುವುದು. ಇದರ ಕೇಡು ತಿರುಗುಮುರುಗು. ಆರೂವರೆ ಕೋಟಿ ವರ್ಷ ಹಳೆಯ ಬಸಾಲ್ಟ್ ಪೂರ್ತಿ ಕರಗದೆ ಹಳೆಯ ಆರ್ಗಾನ್ ಒಂದಿಷ್ಟು ಉಳಿಸಿಕೊಂಡಿದ್ದರೆ ವಯಸ್ಸು ಸುಳ್ಳುಸುಳ್ಳೇ ಏರುತ್ತದೆ. ಮಾದರಿಯನ್ನು ಹಂತಹಂತವಾಗಿ ಕಾಯಿಸಿ, ಪ್ರತಿ ಹಂತದ ಅನಿಲ ಅಳೆದು, ಈ ಉಳಿಕೆಯನ್ನು ಬೇರ್ಪಡಿಸಿ ಬಂದ ಅಂಕಿ 5.7 ಲಕ್ಷ, 47 ಸಾವಿರ ಹೆಚ್ಚುಕಡಿಮೆ. ಹಳೆಯ ಆರ್ಗಾನ್‌ನ ಲೆಕ್ಕ ತೆಗೆದೇ ಬಂದದ್ದರಿಂದ ನಮ್ಮ ಒಲವು ಇದರ ಕಡೆಗೇ.

ಇನ್ನೂ ಹಳೆಯ ಕುಳಿಗಳಿಗೆ ಜಿರ್ಕಾನ್ ಹರಳೇ ಗತಿ. ಯರ್ರಬುಬ್ಬದಲ್ಲಿ ಹರಳಿನ ತಿರುಳು ಮೂಲ ಗ್ರಾನೈಟ್‌ನ ವಯಸ್ಸನ್ನೇ ಹೇಳುತ್ತಿತ್ತು. ಆಘಾತದ ಕಾವಿಗೆ ಹೊಸದಾಗಿ ಹರಳುಗಟ್ಟಿದ ಸಣ್ಣ ಕಣಗಳನ್ನಷ್ಟೇ ಆಯ್ದು ಯುರೇನಿಯಂ ಮತ್ತು ಅದು ಕ್ಷಯಿಸಿ ಆದ ಸೀಸದ ಪಾಲು ಅಳೆದಾಗ 222.9 ಕೋಟಿ ವರ್ಷ ಬಂತು. ಗ್ರೀನ್‌ಲ್ಯಾಂಡಿನ ಹಿಮದಡಿ ರಾಡಾರ್‌ಗೆ ಕಂಡು 2018ರಲ್ಲಿ ಪ್ರಕಟವಾದ 31 ಕಿ.ಮೀ. ಅಗಲದ ಹಯವಾಥಾ ಕುಳಿ ತೀರಾ ಈಚಿನದಿರಬಹುದು ಎಂದು ಆಕಾರ ನೋಡಿ ಹಲವರು ಊಹಿಸಿದ್ದರು. ಹಿಮನದಿ ಹೊತ್ತು ತಂದ ಮರಳು, ಕಲ್ಲುಗಳನ್ನು ಅಳೆದು 2022ರಲ್ಲಿ ಪ್ರಕಟಿಸಿದ ವಯಸ್ಸು 5.8 ಕೋಟಿ ವರ್ಷ.