ಗೆಜ್ಜೆ ಬಿಚ್ಚಿಟ್ಟರೆ ಗುರುದ್ರೋಹವೇ?

ಪ್ರಶ್ನೆ: ನನಗೆ 29 ವರ್ಷ, ಊರು ಶಿವಮೊಗ್ಗ. ಏಳನೇ ವಯಸ್ಸಿನಿಂದ ಒಬ್ಬರೇ ಗುರುಗಳ ಬಳಿ ಭರತನಾಟ್ಯ ಕಲಿತೆ. ವಿದ್ವತ್ ಪರೀಕ್ಷೆ ಆಯಿತು, ರಂಗಪ್ರವೇಶಕ್ಕೆ ಅಪ್ಪ ಸಾಲ ಮಾಡಿದರು. ಗುರುಗಳಿಗೆ ಈಗ 71. ನೃತ್ಯಶಾಲೆಯನ್ನು ನನಗೇ ಒಪ್ಪಿಸಬೇಕೆಂದಿದ್ದಾರೆ. ನನಗೋ ಸಿನಿಮಾ ನಿರ್ದೇಶನದ ಹಂಬಲ. ಎರಡು ವರ್ಷದಿಂದ ಅವರಿಗೆ ಹೇಳದೆ ಎಡಿಟಿಂಗ್ ಕಲಿಯುತ್ತಿದ್ದೇನೆ. ಇದು ಗುರುದ್ರೋಹವೇ?

ಉತ್ತರ: ಸಿನಿಮಾ ಮಾಡುವುದು ದ್ರೋಹವಲ್ಲ. ಪತ್ರದಲ್ಲಿ ನನಗೆ ಚುಚ್ಚಿದ್ದು ‘ಹೇಳದೆ’ ಎಂಬ ಪದ. ಶಾಲೆ ನಿಮ್ಮ ಕೈಸೇರುತ್ತದೆಂದು ನಂಬಿ ಅವರು ಇನ್ನೊಬ್ಬ ಶಿಷ್ಯೆಯನ್ನು ತಯಾರು ಮಾಡಿಲ್ಲ. 71ರಲ್ಲಿ ಎರಡು ವರ್ಷವೆಂದರೆ ಸಣ್ಣದಲ್ಲ ತಾಯಿ.

ಕಲಿತ ವಿದ್ಯೆ ವ್ಯರ್ಥವಾಗುತ್ತದೆಂದು ಮನೆಯಲ್ಲಿ ಅನ್ನಬಹುದು. ಆ ಮಾತಿಗೆ ಕುಗ್ಗಬೇಡಿ. ಜತಿಯ, ಅಂದರೆ ತಾಳಕ್ಕೆ ಕಟ್ಟಿದ ಹೆಜ್ಜೆಗಳ ಸಾಲಿನ, ಕೊನೆಯ ಪೆಟ್ಟು ಎಲ್ಲಿ ಬೀಳಬೇಕೆಂದು ಬಲ್ಲ ಕಿವಿ ಎಡಿಟಿಂಗ್ ಟೇಬಲ್ಲಿನಲ್ಲೂ ಕೆಲಸಕ್ಕೆ ಬರುತ್ತದೆ. ಆದರೆ ವೇದಿಕೆಯಲ್ಲಿ ನೋಡುಗರ ಕಣ್ಣು ನಿಮ್ಮ ಕೈಯ ಹಿಂದೆ ಓಡುತ್ತಿತ್ತು. ಇನ್ನು ನೀವು ಯಾರ ಕಣ್ಣಿಗೂ ಬೀಳದೆ ಕ್ಯಾಮೆರಾದ ಹಿಂದೆ ನಿಲ್ಲಬೇಕು. ಚಪ್ಪಾಳೆ ಕೇಳಿ ಬೆಳೆದವರಿಗೆ ಅದು ಕಷ್ಟ. ದುಡ್ಡಿನ ಮಾತಂತೂ ಇದ್ದೇ ಇದೆ. ಹೆಸರಾಂತ ನೃತ್ಯಗಾರ ಉದಯಶಂಕರರಂಥವರು ಅಲ್ಮೋರಾದ ತಮ್ಮ ನೃತ್ಯಕೇಂದ್ರ ಮುಚ್ಚಿದ ಮೇಲೆ ಮದ್ರಾಸಿನ ಜೆಮಿನಿ ಸ್ಟುಡಿಯೊದಲ್ಲಿ ‘ಕಲ್ಪನಾ’ ಎಂಬ ಚಿತ್ರ ತೆಗೆದರು. 1948ರಲ್ಲಿ ತೆರೆಕಂಡ ಅದು ಗಲ್ಲಾಪೆಟ್ಟಿಗೆ ತುಂಬಲಿಲ್ಲ. ಅಪ್ಪನ ಸಾಲ ತೀರುವವರೆಗೆ ನೃತ್ಯದ ಕ್ಲಾಸ್ ನಡೆಸುವುದನ್ನು ಬಿಡಬೇಡಿ.

ಇನ್ನೊಂದು ಚಿತ್ರ ನನ್ನನ್ನು ಬಹಳ ಕಾಡುತ್ತದೆ, ಸತ್ಯಜಿತ್ ರಾಯ್ ಅವರ ಸಾಕ್ಷ್ಯಚಿತ್ರ ‘ಬಾಲಾ’. ಕಡಲ ದಂಡೆಯ ಗಾಳಿಯಲ್ಲಿ ನಿಂತು ಭರತನಾಟ್ಯದ ಮಹಾನ್ ಕಲಾವಿದೆ ಬಾಲಸರಸ್ವತಿಯವರು ನಮ್ಮ ವ್ಯಾಸರಾಯರ ‘ಕೃಷ್ಣಾ ನೀ ಬೇಗನೆ ಬಾರೋ’ ಪದಕ್ಕೆ ಅಭಿನಯಿಸುತ್ತಾರೆ. ರಾಯ್ ಅದನ್ನು ತೆಗೆದದ್ದು 1976ರಲ್ಲಿ, ಆಕೆಗಾಗ 58. ನೋಡಿದಾಗಲೆಲ್ಲ ಕಣ್ಣು ತುಂಬುತ್ತದೆ, ಜೊತೆಗೇ ಹೊಟ್ಟೆಯಲ್ಲೊಂದು ಸಂಕಟ: ಇಪ್ಪತ್ತು ವರ್ಷ ಮೊದಲೇ ಈ ಕ್ಯಾಮೆರಾ ಬಂದಿದ್ದರೆ!

ನಿಮ್ಮ ಗುರುಗಳ ಅಭಿನಯವನ್ನು ಯಾರಾದರೂ ಸರಿಯಾಗಿ ಚಿತ್ರಿಸಿದ್ದಾರೆಯೇ? ಮಂಡಿ ಸೋತಿರಬಹುದು, ಕೂತೇ ಒಂದು ಪದಕ್ಕೆ ಅಭಿನಯಿಸಲಿ. ತಾಳ ಹಿಡಿದು ನೃತ್ಯ ನಡೆಸುವ ಅವರ ನಟುವಾಂಗ, ಪುಟ್ಟ ಮಕ್ಕಳ ಅರಮಂಡಿ (ಮಂಡಿ ಮಡಿಸಿ ನಿಲ್ಲುವ ಭಂಗಿ) ತಿದ್ದುವ ಕೈ, ಎಲ್ಲವನ್ನೂ ಬಲ್ಲವರು ನೀವು. ಹೊರಗಿನ ಯಾವ ನಿರ್ದೇಶಕರಿಗೂ ಈ ಸಲುಗೆ ಸಿಗದು. ಇಪ್ಪತ್ತು ನಿಮಿಷದ ಚಿತ್ರ ಮಾಡಿ. ಸಿನಿಮಾ ನಿಮಗೆ ಒಗ್ಗುತ್ತದೆಯೋ ಇಲ್ಲವೋ ಅದರಲ್ಲೇ ಗೊತ್ತಾಗುತ್ತದೆ.

ಆದರೆ ಆ ಚಿತ್ರವನ್ನು ತಪ್ಪುಕಾಣಿಕೆಯಂತೆ ಅವರ ಮುಂದಿಡಬೇಡಿ. ಮೊದಲು ನಿಜ ಹೇಳಿ: ಶಾಲೆ ನನ್ನಿಂದಾಗದು, ಬೇರೊಬ್ಬರನ್ನು ತಯಾರು ಮಾಡಿ, ಅವರು ಸಿದ್ಧರಾಗುವವರೆಗೆ ನಾನಿರುತ್ತೇನೆ ಎಂದು. ಅವರು ಸಿಟ್ಟಾಗಬಹುದು, ತಿಂಗಳುಗಟ್ಟಲೆ ಮಾತು ಬಿಡಬಹುದು. ಆ ಸಿಟ್ಟಿಗೆ ಅವರಿಗೆ ಹಕ್ಕಿದೆ. ಎದುರಾಡದೆ ಕೂತು ಕೇಳಿ. ಆ ದಿನ ಕ್ಯಾಮೆರಾ ಮನೆಯಲ್ಲೇ ಇರಲಿ.