ಪಿಯೆರೋಗಿಯೊಳಗೆ ಮಾಫೆ: ಬಾಯಿ ಬಿಡದಂತೆ ಬೇಯಿಸುವ ಬಗೆ

ವಾರ್ಸಾದಿಂದ ಪ್ರಶ್ನೆ ಕೇಳಿರುವ ಮೇಡಂ ಅವರಿಗೆ ನಮಸ್ಕಾರ. ಸೆನೆಗಲ್‌ನ ಗೆಳತಿ ಕಲಿಸಿದ ಮಾಫೆಯನ್ನು, ಅಂದರೆ ಕಡಲೆಬೀಜದ ಪೇಸ್ಟ್ ಮತ್ತು ಟೊಮೆಟೊ ಹಾಕಿ ಮಾಡುವ ಮಾಂಸದ ಗಟ್ಟಿ ಸಾರನ್ನು, ಪೋಲೆಂಡಿನ ಪಿಯೆರೋಗಿಯಲ್ಲಿ, ಅಂದರೆ ಹೂರಣವಿಟ್ಟು ನೀರಿನಲ್ಲಿ ಬೇಯಿಸುವ ಕಡುಬಿನಲ್ಲಿ, ತುಂಬಿದಾಗ ಕುದಿನೀರಿನಲ್ಲಿ ಅಂಚು ಬಿಟ್ಟುಕೊಳ್ಳುತ್ತಿದೆ, ಕಣಕಕ್ಕೆ ಮೊಟ್ಟೆ ಸೇರಿಸಬೇಕೇ ಎಂದು ಕೇಳಿದ್ದೀರಿ. ಮೊಟ್ಟೆಯಿಂದ ಇದು ಸರಿಹೋಗುವುದಿಲ್ಲ, ಏಕೆಂದರೆ ದೋಷ ಇರುವುದು ಹೂರಣದಲ್ಲಿ. ಎಣ್ಣೆ ಮೇಲೆ ತೇಲುವವರೆಗೆ ಮಾಫೆಯನ್ನು ಕುದಿಸುವುದೇ ಪದ್ಧತಿಯಾಗಿದ್ದು, ಆ ಎಣ್ಣೆ ಸ್ವಲ್ಪ ಅಂಚಿಗೆ ತಾಗಿದರೂ ಹಿಟ್ಟಿಗೆ ಹಿಟ್ಟು ಅಂಟುವುದಿಲ್ಲ.

ಆದ್ದರಿಂದ ಸಾರನ್ನು ಸಾರಾಗಿಯೇ ಒಳಗೆ ತುಂಬುವ ಆಸೆಯನ್ನು ಬಿಟ್ಟು, ಪೋಲೆಂಡಿನವರ ಪಿಯೆರೋಗಿ ರುಸ್ಕಿಯೆಯ ಹೂರಣವನ್ನೇ ತಳಹದಿಯಾಗಿ ಇಟ್ಟುಕೊಳ್ಳಿ. ಅರ್ಧ ಕಿಲೋ ಆಲೂಗಡ್ಡೆಯನ್ನು ಸಿಪ್ಪೆ ಸಮೇತ ಬೇಯಿಸಿ, ಬಿಸಿ ಇರುವಾಗಲೇ ಸುಲಿದು ಪುಡಿಮಾಡಿ, ಆವಿ ಹೋದ ಮೇಲೆ 250 ಗ್ರಾಂ ತ್ವಾರುಗ್ (ಪೋಲೆಂಡಿನ ಹುಳಿ ತಾಜಾ ಚೀಸ್) ಬೆರೆಸಿ. (ನಮ್ಮ ದೇಶದಲ್ಲಿರುವವರು ತ್ವಾರುಗ್ ಬದಲು ಪುಡಿಮಾಡಿದ ಪನೀರಿಗೆ ನೀರು ಬಸಿದ ಗಟ್ಟಿ ಮೊಸರನ್ನು ಸ್ವಲ್ಪ ಸೇರಿಸಿಕೊಳ್ಳಬಹುದು; ಆ ಹುಳಿ ಬೇಕೇ ಬೇಕು.) ಬಾಣಲೆಯಲ್ಲಿ ಎರಡು ಚಮಚ ಎಣ್ಣೆಗೆ ಈರುಳ್ಳಿ, ಶುಂಠಿ, ಬೆಳ್ಳುಳ್ಳಿ ಹಾಕಿ ಬಾಡಿಸಿ, ಅಲ್ಲಿ ಸಿಗುವ 30 ಶೇಕಡಾ ಗಟ್ಟಿಯ ಟೊಮೆಟೊ ಕಾನ್ಸಂಟ್ರೇಟ್ ಎರಡು ಚಮಚ ಸೇರಿಸಿ, ಅದರ ಬಣ್ಣ ಗಾಢವಾಗುವವರೆಗೆ ಹುರಿದು, ಕೊನೆಗೆ ಸಕ್ಕರೆಯಿಲ್ಲದ ಕಡಲೆಬೀಜದ ಪೇಸ್ಟ್ ಮೂರು ಚಮಚ ಹಾಗೂ ಸಣ್ಣಗೆ ಬಿಡಿಸಿದ ಬೆಂದ ಮಾಂಸವನ್ನು ಹಾಕಿ. ಇದು ಪೂರ್ತಿ ತಣ್ಣಗಾದ ಮೇಲೆ ಆಲೂಗಡ್ಡೆಗೆ ಕಲಸಿ ಫ್ರಿಜ್‌ನಲ್ಲಿಡಿ. ಉಂಡೆ ಕಟ್ಟಿದಾಗ ಅಂಗೈ ಜಿಡ್ಡಾದರೆ ಇನ್ನಷ್ಟು ಆಲೂಗಡ್ಡೆ ಸೇರಿಸಬೇಕು.

ನಿಜ ಹೇಳಬೇಕೆಂದರೆ, ನನಗೆ ಮಾಂಸದ ಹೂರಣಕ್ಕಿಂತ ಅಲಸಂದೆಯ ಹೂರಣವೇ ಹೆಚ್ಚು ಇಷ್ಟ. ನಮ್ಮ ಹೊಲಗಳಲ್ಲಿ ಬೆಳೆಯುವ ಅಲಸಂದೆಯ ಮೂಲ ಆಫ್ರಿಕಾವೇ ಆಗಿದ್ದು, ಘಾನಾದಲ್ಲಿ ಅದನ್ನು ಕೆಂಪು ತಾಳೆ ಎಣ್ಣೆಯಲ್ಲಿ ಬೇಯಿಸಿ ಕರಿದ ಬಾಳೆಕಾಯಿಯೊಂದಿಗೆ ತಿನ್ನುತ್ತಾರೆ. ಬೆಂದ ಕಾಳನ್ನು ಚೆನ್ನಾಗಿ ಬಸಿದು ಒರಟಾಗಿ ಅರೆದು, ಒಂದೇ ಚಮಚ ತಾಳೆ ಎಣ್ಣೆ ಮತ್ತು ಮುಳ್ಳು ತೆಗೆದ ಹೊಗೆಯಾಡಿಸಿದ ಮ್ಯಾಕೆರೆಲ್ ಮೀನು ಸೇರಿಸಿ. ಪಶ್ಚಿಮ ಆಫ್ರಿಕಾದ ಅಡುಗೆಯಲ್ಲಿ ಹೊಗೆಮೀನಿನ ರುಚಿ ಬಹಳ ಮುಖ್ಯ, ಪೋಲೆಂಡಿನ ಅಂಗಡಿಗಳಲ್ಲೂ ಈ ಮೀನು ಸುಲಭವಾಗಿ ಸಿಗುತ್ತದೆ. ಕ್ರಿಸ್ಮಸ್ ಹಿಂದಿನ ರಾತ್ರಿಯ ವಿಗಿಲಿಯಾ ಊಟದಲ್ಲಿ ಮಾಂಸ ನಿಷಿದ್ಧವಾದರೂ ಮೀನಿಗೆ ಅಡ್ಡಿಯಿಲ್ಲದ ಕಾರಣ, ನೆರೆಯವರನ್ನು ಕರೆದು ಇದನ್ನು ನಿಶ್ಚಿಂತೆಯಿಂದ ಬಡಿಸಬಹುದು.

ಕಣಕಕ್ಕೆ ಅರ್ಧ ಕಿಲೋ ಟೈಪ್ 500 ಹಿಟ್ಟು (ಮೈದಾದಂಥ ಬಿಳಿ ಗೋಧಿ ಹಿಟ್ಟು), ಸುಮಾರು 250 ಮಿಲಿ ಬಿಸಿನೀರು, ಎರಡು ಚಮಚ ಎಣ್ಣೆ ಮತ್ತು ಉಪ್ಪು ಸಾಕು. ಬಿಸಿನೀರಿನಿಂದ ಹಿಟ್ಟು ಮೆದುವಾಗಿ, ಲಟ್ಟಿಸುವಾಗ ಹಿಂದಕ್ಕೆ ಸೆಳೆದುಕೊಳ್ಳುವುದಿಲ್ಲ. ನಾದಿ ಅರ್ಧ ಗಂಟೆ ಮುಚ್ಚಿಟ್ಟು, ಎರಡು ಮಿಲಿಮೀಟರ್ ದಪ್ಪಕ್ಕೆ ಲಟ್ಟಿಸಿ, ಲೋಟದಿಂದ ಬಿಲ್ಲೆ ಕತ್ತರಿಸಿ. ಒಂದು ಕೈಯಿಂದ ಹೂರಣ ತುಂಬಿ, ಇನ್ನೊಂದು ಒಣ ಕೈಯಿಂದಲೇ ಅಂಚು ಒತ್ತಿ. ಒಳಗೆ ಗಾಳಿ ಉಳಿಯಬಾರದು. ಉಪ್ಪುನೀರು ಭೋರೆಂದು ಕುದಿಯದೆ ಸಣ್ಣಗೆ ಮರಳುತ್ತಿರುವಾಗ ಹತ್ತರಷ್ಟನ್ನು ಬಿಟ್ಟು, ತೇಲಿದ ಮೇಲೆ ಎರಡು ಮೂರು ನಿಮಿಷ ಬೇಯಿಸಿ ತೆಗೆಯಿರಿ.

ಖಾರದ ಬಗ್ಗೆಯೂ ಕೇಳಿದ್ದಿರಿ. ಆಲೂಗಡ್ಡೆ ಮತ್ತು ತ್ವಾರುಗ್ ಖಾರವನ್ನು ತಗ್ಗಿಸುವುದರಿಂದ ಸ್ಕಾಚ್ ಬಾನೆಟ್ ಎಂಬ ತುಂಬಾ ಖಾರದ ಮೆಣಸಿನಕಾಯಿಯನ್ನು ಒಳಗೆ ಹಾಕಿ ವ್ಯರ್ಥ ಮಾಡಬೇಡಿ. ಪೋಲೆಂಡಿನವರು ಮೇಲೆ ಹಾಕುವ ಹುರಿದ ಈರುಳ್ಳಿಯ ಜಾಗಕ್ಕೆ ಸೆನೆಗಲ್‌ನ ಯಾಸ್ಸಾ ಎಂಬ ನಿಂಬೆ-ಈರುಳ್ಳಿ ಅಡುಗೆಯ ಈರುಳ್ಳಿಯನ್ನು ತನ್ನಿ: ಮೂರು ದೊಡ್ಡ ಈರುಳ್ಳಿಯನ್ನು ತೆಳುವಾಗಿ ಹೆಚ್ಚಿ, ಒಂದು ನಿಂಬೆಯ ರಸ, ಒಂದು ಚಮಚ ಸಾಸಿವೆ ಪೇಸ್ಟ್ ಮತ್ತು ಸೀಳದ ಇಡೀ ಮೆಣಸಿನಕಾಯಿಯೊಂದಿಗೆ ಅರ್ಧ ಗಂಟೆ ಸಣ್ಣ ಉರಿಯಲ್ಲಿ ಬಾಡಿಸಿ, ಮೆಣಸಿನಕಾಯಿಯನ್ನು ಹೊರತೆಗೆಯಿರಿ. ಎರಡೂ ಅಡುಗೆಗಳು ನಿಜವಾಗಿ ಒಂದಾಗುವುದು ಈ ಈರುಳ್ಳಿಯಲ್ಲೇ ಎಂಬುದು ನನ್ನ ಅಭಿಪ್ರಾಯ. 18 ಶೇಕಡಾ ಕೊಬ್ಬಿನ ಹುಳಿ ಕೆನೆಯನ್ನು ಒಲೆಯ ಮೇಲಿರುವಾಗ ಸೇರಿಸಿದರೆ ನಿಂಬೆಗೆ ಒಡೆಯುತ್ತದೆ, ತಟ್ಟೆಯ ಪಕ್ಕದಲ್ಲಿ ತಣ್ಣಗೇ ಇಡಿ.