ಆಖನ್‌ನಿಂದ ಎಸ್ಸೆನ್‌ಗೆ ಆರ್‌ಇ 1 ರೈಲನ್ನು ನಂಬಿಕೊಂಡು ಕೆಲಸಕ್ಕೆ ಹೋಗಬಹುದಾ?

ನೀವು ಜರ್ಮನಿಯ ಆಖನ್‌ನಲ್ಲಿ ಮಾಸ್ಟರ್ಸ್ ಓದುತ್ತಿದ್ದೀರಿ. ಎಸ್ಸೆನ್‌ನಲ್ಲಿ ವಾರಕ್ಕೆ ಎರಡು ದಿನದ ಪಾರ್ಟ್ ಟೈಮ್ ಕೆಲಸ ಸಿಕ್ಕಿದೆ. ಐಸಿಇ ಅನ್ನುವ ವೇಗದ ರೈಲಿಗೆ ದುಡ್ಡು ಸುರಿಯದೆ ಬರೀ ಆರ್‌ಇ 1 ಅನ್ನುವ ಪ್ರಾದೇಶಿಕ ಎಕ್ಸ್‌ಪ್ರೆಸ್ ರೈಲಿನಲ್ಲಿ ಓಡಾಡಿದರೆ ನಡೆಯುತ್ತದಾ ಅಂತ ಕೇಳಿದ್ದೀರಿ.

ನಡೆಯುತ್ತದೆ. ಎರಡೇ ದಿನ ಅಂತ ಧೈರ್ಯವಾಗಿ ಹೇಳುತ್ತಿದ್ದೇನೆ, ಐದು ದಿನ ಅಂದಿದ್ದರೆ ಮೊದಲು ಮನೆ ಬದಲಾಯಿಸಿ ಅನ್ನುತ್ತಿದ್ದೆ. ಒಂದು ಕಡೆಗೆ ಸುಮಾರು ಎರಡು ಗಂಟೆ ಬೇಕು. ಐಸಿಇ ಹಿಡಿದರೂ ಸಾಮಾನ್ಯವಾಗಿ ಕಲೋನ್‌ನಲ್ಲಿ ಇಳಿದು ಬೇರೆ ರೈಲು ಹತ್ತಬೇಕು. ಆರ್‌ಇ 1 ನೇರವಾಗಿ ಹೋಗುತ್ತದೆ. ಕೂತರೆ ಆಯ್ತು.

ನಾನು ಡಸೆಲ್ಡಾರ್ಫ್‌ನಲ್ಲಿದ್ದೇನೆ. ಅಂದರೆ ಈ ಲೈನಿನ ಸರಿಯಾಗಿ ನಡುವೆ. ಎರಡೂ ಕಡೆಗೆ ಓಡಾಡಿದ ಮೇಲೆ ನನಗೆ ಅನ್ನಿಸಿದ್ದು ಇಷ್ಟು: ಆರ್‌ಇ 1 ಹೆಸರಿಗೆ ಮಾತ್ರ ಒಂದು ರೈಲು. ಆಖನ್‌ನಿಂದ ಕಲೋನ್‌ವರೆಗೆ ಒಂದು ಥರ, ಡಸೆಲ್ಡಾರ್ಫ್ ದಾಟಿದ ಮೇಲೆ ಇನ್ನೊಂದು ಥರ. ಈ ವ್ಯತ್ಯಾಸ ತಿಳಿದುಕೊಂಡರೆ ನಿಮ್ಮ ಅರ್ಧ ತಲೆನೋವು ಕಮ್ಮಿ.

ದೂರ ಅಂತ ನೋಡಿದರೆ ಹೆಚ್ಚುಕಡಿಮೆ ಬೆಂಗಳೂರು–ಮೈಸೂರಿನಷ್ಟೇ. ಆದರೆ ಇಲ್ಲಿ ನಡುವೆ ಊರೇ ಮುಗಿಯುವುದಿಲ್ಲ. ಆಖನ್, ಡ್ಯೂರೆನ್, ಕಲೋನ್, ಲೆವರ್ಕೂಸೆನ್, ಡಸೆಲ್ಡಾರ್ಫ್, ಡುಯಿಸ್‌ಬರ್ಗ್, ಮ್ಯುಲ್‌ಹೈಮ್, ಎಸ್ಸೆನ್. ನೀವು ಇಳಿದ ಮೇಲೂ ರೈಲು ಬೋಖುಮ್, ಡಾರ್ಟ್‌ಮುಂಡ್ ದಾಟಿ ಹಾಮ್‌ವರೆಗೆ ಹೋಗುತ್ತದೆ. ಪ್ರತಿ ಊರಲ್ಲೂ ಜನ ಇಳಿಯುತ್ತಾರೆ, ಅಷ್ಟೇ ಜನ ಹತ್ತುತ್ತಾರೆ. ಆಖನ್‌ನಿಂದ ಕೊನೆತನಕ ಕೂತಿರುವವರು ಕಡಿಮೆ. ಹಾಗಾಗಿ ನಿಮಗೆ ಸೀಟಿನ ಚಿಂತೆ ಬೇಡ, ಹತ್ತುವ ಊರಲ್ಲೇ ರೈಲು ಖಾಲಿ ಇರುತ್ತದೆ. ಸಂಜೆ ಎಸ್ಸೆನ್‌ನಲ್ಲಿ ಹತ್ತುವಾಗ ನಿಲ್ಲಬೇಕಾಗಬಹುದು. ಡಸೆಲ್ಡಾರ್ಫ್‌ನಲ್ಲಿ ಅಥವಾ ಕಲೋನ್‌ನಲ್ಲಿ ಒಂದು ಸೀಟು ಖಾಲಿ ಆಗೇ ಆಗುತ್ತದೆ.

ಮೊದಲ ಭಾಗ ಸ್ವಲ್ಪ ಕಷ್ಟದ್ದು. ಆಖನ್ ಕಡೆ ಇರುವುದು ಎರಡೇ ಹಳಿ. ಬ್ರಸೆಲ್ಸ್‌ನಿಂದ ಬರುವ ಐಸಿಇ, ಪ್ಯಾರಿಸ್ ಕಡೆಯ ಯೂರೋಸ್ಟಾರ್, ಗೂಡ್ಸ್ ಗಾಡಿಗಳು, ಜೊತೆಗೆ ನಮ್ಮ ಆರ್‌ಇ 1, ಎಲ್ಲವೂ ಅದರಲ್ಲೇ ಓಡಬೇಕು. ಹಿಂದೆ ದೂರದ ರೈಲು ಬರುತ್ತಿದ್ದರೆ ನಮ್ಮದು ಯಾವುದೋ ಸ್ಟೇಷನ್ನಿನಲ್ಲಿ ಬದಿಗೆ ನಿಂತು ದಾರಿ ಬಿಡುತ್ತದೆ. ಡ್ಯೂರೆನ್ ದಾಟಿದ ಮೇಲೆ ಪರವಾಗಿಲ್ಲ. ಅಲ್ಲಿಂದ ಕಲೋನ್‌ಗೆ ಲೋಕಲ್ ರೈಲಿಗೆ ಬೇರೆ ಹಳಿ ಇದೆ.

ಆಮೇಲೆ ಬರುವುದು ಕಲೋನ್. ಚರ್ಚಿನ ಪಕ್ಕದ ಆ ದೊಡ್ಡ ನಿಲ್ದಾಣ ಗೊತ್ತಲ್ವಾ? ಅಲ್ಲಿಂದ ರೈಲು ಹೊಹೆನ್‌ಜೊಲರ್ನ್ ಸೇತುವೆ ಹತ್ತಿ ರೈನ್ ನದಿ ದಾಟಬೇಕು. 1911ರಲ್ಲಿ ಸಂಚಾರಕ್ಕೆ ತೆರೆದ ಸೇತುವೆ. ಈಗ ಅದರ ಮೇಲೆ ಆರು ಹಳಿ, ದಿನಕ್ಕೆ ಸಾವಿರಕ್ಕೂ ಹೆಚ್ಚು ರೈಲು. ಪ್ರವಾಸಿಗಳು ಬೇಲಿಗೆ ಬೀಗ ಹಾಕಿ ಫೋಟೊ ತೆಗೆಯುತ್ತಿರುತ್ತಾರೆ, ಪಕ್ಕದಲ್ಲೇ ನಮ್ಮ ರೈಲು ಸಿಗ್ನಲ್‌ಗೆ ಕಾಯುತ್ತಾ ನಿಂತಿರುತ್ತದೆ. ತಡ ಆಗುವುದು ಬಹುತೇಕ ಇಲ್ಲೇ. ಇಡೀ ಪ್ರದೇಶದ ರೈಲುಗಳಿಗೆ ಇದೊಂದು ಕಿರಿದಾದ ಬಾಗಿಲು. ಹಾಗಾಗಿ ಇಲ್ಲಿ ಒಂದು ರೈಲು ಎಡವಿದರೆ ಹಾಮ್‌ನಲ್ಲಿ ಕಾಯುವವನಿಗೂ ಅದರ ಬಿಸಿ ತಟ್ಟುತ್ತದೆ.

ಡಸೆಲ್ಡಾರ್ಫ್‌ನಿಂದ ಮುಂದಕ್ಕೆ ಕಥೆ ಪೂರ್ತಿ ಬೇರೆ. ಅಲ್ಲಿಂದ ಎಸ್ಸೆನ್‌ಗೆ ಆರ್‌ಇ 1 ಒಂದೇ ಅಲ್ಲ. ಆರ್‌ಇ 2, ಆರ್‌ಇ 6, ಆರ್‌ಇ 11 ಇವೆಲ್ಲ ಹೋಗುತ್ತವೆ. ಕೊನೆಗೆ ಏನೂ ಸಿಗದಿದ್ದರೆ ಎಸ್ 1 ಅನ್ನುವ ಲೋಕಲ್ ರೈಲು (ಎಸ್ ಬಾನ್) ಇದೆ, ನಿಧಾನ ಅಷ್ಟೇ. ಆದ್ದರಿಂದ ಡಸೆಲ್ಡಾರ್ಫ್‌ನಲ್ಲಿ 'ನನ್ನ ರೈಲು' ಅಂತ ಕಾಯುತ್ತಾ ನಿಲ್ಲಬೇಡಿ. ಬೋರ್ಡ್ ನೋಡಿ, ಎಸ್ಸೆನ್ ಅಂತ ಯಾವುದರ ಮೇಲಿದೆಯೋ ಅದನ್ನು ಹತ್ತಿ.

ಈಗ ನಿಮಗೆ ಯಾರೂ ಹೇಳದ ವಿಷಯ. ಆಖನ್‌ನಿಂದ ಡಸೆಲ್ಡಾರ್ಫ್‌ಗೆ ಕಲೋನ್ ಮುಟ್ಟದೆಯೂ ಹೋಗಬಹುದು. ಆರ್‌ಇ 4 ಅಂತ ಇನ್ನೊಂದು ರೈಲಿದೆ. ಅದು ಮೋನ್‌ಶೆನ್‌ಗ್ಲಾಡ್‌ಬಾಖ್, ನಾಯ್ಸ್ ಮೇಲೆ ಡಸೆಲ್ಡಾರ್ಫ್‌ಗೆ ಬರುತ್ತದೆ. ಸಮಯ ಹೆಚ್ಚುಕಡಿಮೆ ಒಂದೇ. ಜೊತೆಗೆ ಅದು ಆಖನ್ ವೆಸ್ಟ್ ನಿಲ್ದಾಣದಲ್ಲೂ ನಿಲ್ಲುತ್ತದೆ. ನಿಮ್ಮ ರೂಮು ಯೂನಿವರ್ಸಿಟಿ ಹತ್ತಿರ ಇದ್ದರೆ ಮುಖ್ಯ ನಿಲ್ದಾಣಕ್ಕೆ ಹೋಗುವ ಬಸ್ಸಿನ ಗೋಳೂ ತಪ್ಪಿತು. ಕಲೋನ್‌ನಲ್ಲಿ ಗೊಂದಲ ಅಂತ ಬೆಳಿಗ್ಗೆ ಆ್ಯಪ್‌ನಲ್ಲಿ ಕಂಡರೆ ಸುಮ್ನೆ ಆರ್‌ಇ 4 ಹಿಡಿದು ಡಸೆಲ್ಡಾರ್ಫ್‌ನಲ್ಲಿ ಬದಲಾಯಿಸಿ. ಆರ್‌ಇ 4 ಕೂಡ ಡಾರ್ಟ್‌ಮುಂಡ್‌ಗೇ ಹೋಗುತ್ತದೆ, ಆದರೆ ವುಪ್ಪರ್‌ಟಾಲ್, ಹಾಗೆನ್ ಸುತ್ತಿಕೊಂಡು. ನಿದ್ದೆ ಹೋಗಬೇಡಿ, ಎಸ್ಸೆನ್ ಬರುವುದೇ ಇಲ್ಲ.

ಟಿಕೆಟ್ ವಿಷಯ. ಜರ್ಮನಿಯಿಡೀ ನಡೆಯುವ ತಿಂಗಳ ಪಾಸ್ ಆದ ಡಾಯಿಚ್‌ಲಾಂಡ್ ಟಿಕೆಟ್ 2023ರ ಮೇ 1ರಂದು ತಿಂಗಳಿಗೆ 49 ಯೂರೋಗೆ ಶುರುವಾಯಿತು. 2025ರಲ್ಲಿ 58 ಆಯಿತು. 2026ರ ಜನವರಿಯಿಂದ 63. ಆದರೆ ವಿದ್ಯಾರ್ಥಿಗಳಿಗೆ ಅದರ ಶೇಕಡಾ 60ರ ದರದಲ್ಲಿ ಸೆಮಿಸ್ಟರ್ ಟಿಕೆಟ್ ಇದೆ, ದುಡ್ಡು ಸೆಮಿಸ್ಟರ್ ಫೀಸಿನ ಜೊತೆಯಲ್ಲೇ ಹೋಗಿರುತ್ತದೆ. ನಿಮ್ಮ ಯೂನಿವರ್ಸಿಟಿ ಅದನ್ನು ಕೊಟ್ಟಿದೆಯಾ ನೋಡಿಕೊಳ್ಳಿ. ಕೊಟ್ಟಿದ್ದರೆ ಈ ಓಡಾಟಕ್ಕೆ ಒಂದು ಸೆಂಟೂ ಜಾಸ್ತಿ ಖರ್ಚಿಲ್ಲ. ಆರ್‌ಇ, ಆರ್‌ಬಿ (ಸಣ್ಣ ಊರುಗಳಲ್ಲೂ ನಿಲ್ಲುವ ಪ್ರಾದೇಶಿಕ ರೈಲು), ಎಸ್ ಬಾನ್, ಬಸ್ಸು, ಟ್ರಾಮ್ ಎಲ್ಲಕ್ಕೂ ನಡೆಯುತ್ತದೆ. ಐಸಿಇ, ಐಸಿ, ಯೂರೋಸ್ಟಾರ್ ಥರದ ದೂರದ ರೈಲಿಗೆ ನಡೆಯುವುದಿಲ್ಲ. ಪ್ಲಾಟ್‌ಫಾರ್ಮ್‌ಗೆ ಗೇಟ್ ಇಲ್ಲ ಅಂತ ಸಲೀಸಾಗಿ ತೆಗೆದುಕೊಳ್ಳಬೇಡಿ. ಟಿಕೆಟ್ ಇಲ್ಲದೆ ಸಿಕ್ಕಿಬಿದ್ದರೆ ದಂಡ 60 ಯೂರೋ. ಮೊಬೈಲ್ ಚಾರ್ಜ್ ಮುಗಿದು ಟಿಕೆಟ್ ತೋರಿಸಲಾಗದಿದ್ದರೂ ತಾಪತ್ರಯವೇ.

ಅದಕ್ಕೇ ಸೀಟಿನ ಹತ್ತಿರದ ಪ್ಲಗ್ ಪಾಯಿಂಟ್ ನನಗೆ ಬಹಳ ಇಷ್ಟ. ಈ ರೈಲು ಸೀಮೆನ್ಸ್‌ನ ಡೆಸಿರೊ ಎಚ್‌ಸಿ. ನಾಲ್ಕು ಬೋಗಿಯ ಸೆಟ್. ಎರಡು ತುದಿಯ ಬೋಗಿಗಳು ಒಂದಂತಸ್ತು, ನಡುವಿನ ಎರಡು ಡಬಲ್ ಡೆಕ್ಕರ್. ಒಂದು ಸೆಟ್‌ನಲ್ಲಿ 400 ಸೀಟು. ಸಾಮಾನ್ಯವಾಗಿ ಎರಡು ಸೆಟ್ ಜೋಡಿಸಿ ಓಡಿಸುತ್ತಾರೆ, ಒಂದರಿಂದ ಇನ್ನೊಂದಕ್ಕೆ ಒಳಗಿನಿಂದ ದಾರಿ ಇಲ್ಲ. ಲ್ಯಾಪ್‌ಟಾಪ್ ತೆಗೆಯುವುದಾದರೆ ಮೇಲಿನ ಅಂತಸ್ತಿಗೆ ಹೋಗಿ. ಸೈಕಲ್, ಸೂಟ್‌ಕೇಸ್, ಮಗುವಿನ ಗಾಡಿಗಳ ಗಲಾಟೆ ಎಲ್ಲ ತುದಿಯ ಬೋಗಿಗಳಲ್ಲಿ. ಮೇಲೆ ಕೂತರೆ ಎಶ್‌ವೈಲರ್ ಹತ್ತಿರ ಕಲ್ಲಿದ್ದಲು ವಿದ್ಯುತ್ ಸ್ಥಾವರದ ದೈತ್ಯ ಗೋಪುರಗಳೂ ಚೆನ್ನಾಗಿ ಕಾಣುತ್ತವೆ.

ಒಂದು ತಮಾಷೆ ಹೇಳುತ್ತೇನೆ. ಈ ರೈಲುಗಳು ಓಡಿಸುವ ಕಂಪನಿಯದ್ದಲ್ಲ. 82 ಸೆಟ್‌ಗಳನ್ನೂ ಕೊಂಡವರು ಇಲ್ಲಿನ ಸರ್ಕಾರಿ ಸಾರಿಗೆ ಸಂಸ್ಥೆಗಳು, ರಿಪೇರಿ ನೋಡಿಕೊಳ್ಳುವುದು ಡಾರ್ಟ್‌ಮುಂಡ್‌ನಲ್ಲಿ ಸೀಮೆನ್ಸ್. ಆರ್‌ಇ 1 ಓಡಿಸುತ್ತಿದ್ದ ಅಬೆಲಿಯೊ ಆರ್ಥಿಕವಾಗಿ ಕುಸಿದು 2022ರ ಜನವರಿ ಕೊನೆಗೆ ಜಾಗ ಖಾಲಿ ಮಾಡಿತು. ಫೆಬ್ರುವರಿ 1ರಿಂದ ನ್ಯಾಷನಲ್ ಎಕ್ಸ್‌ಪ್ರೆಸ್ ಬಂತು. ಅದೇ ರೈಲು, ಅದೇ ಸೀಟು. ಕಂಪನಿ ಬದಲಾದದ್ದು ಎಷ್ಟೋ ಪ್ರಯಾಣಿಕರಿಗೆ ಗೊತ್ತೇ ಆಗಿರಲಿಕ್ಕಿಲ್ಲ. ಮುಂದೆ ಕಲೋನ್–ಡಾರ್ಟ್‌ಮುಂಡ್ ನಡುವೆ 15 ನಿಮಿಷಕ್ಕೊಂದು ರೈಲು ಬಿಡುವ ಯೋಜನೆ ಇದೆ. ಅದಕ್ಕೆ ಡಸೆಲ್ಡಾರ್ಫ್–ಡುಯಿಸ್‌ಬರ್ಗ್ ನಡುವೆ ಆರು ಹಳಿ ಬೇಕು. ನಿಮ್ಮ ಮಾಸ್ಟರ್ಸ್ ಮುಗಿಯುವುದರೊಳಗೆ ಆಗುವ ಕೆಲಸ ಅಲ್ಲ ಅದು.

ರಿಪೇರಿ ಕೆಲಸದ ದಿನಗಳಲ್ಲಿ ಮಾತ್ರ ಹುಷಾರು. ಶಾಲೆಗಳ ರಜೆಯಲ್ಲಿ ಹಳಿ ಕೆಲಸ ಜಾಸ್ತಿ. ಆಗ ಕೆಲವು ಕಡೆ ರೈಲಿನ ಬದಲು ಬಸ್ಸು ಬಿಡುತ್ತಾರೆ. ಆ್ಯಪ್‌ನಲ್ಲಿ ಎಸ್‌ಇವಿ ಅಂತ ಕಂಡರೆ ಅದೇ. ಅಂಥ ವಾರ ಮನೆಯಿಂದಲೇ ಕೆಲಸ ಮಾಡುತ್ತೇನೆ ಅಂತ ಕೇಳಿಬಿಡಿ, ಇಲ್ಲಿ ಅದಕ್ಕೆ ಯಾರೂ ತಪ್ಪು ತಿಳಿಯುವುದಿಲ್ಲ. ತಡವಾದದ್ದಕ್ಕೆ ಪರಿಹಾರ ಬರುತ್ತದಲ್ವಾ ಅಂತ ಮಾತ್ರ ಆಸೆ ಬೇಡ. ಡಾಯಿಚ್‌ಲಾಂಡ್ ಟಿಕೆಟ್‌ನವರಿಗೆ ಒಂದು ಗಂಟೆ ತಡವಾದರೆ ಸಿಗುವುದು 1.50 ಯೂರೋ. ಅದೂ ಒಟ್ಟು 4 ಯೂರೋ ಆಗುವವರೆಗೆ ಕೈಗೆ ಬರುವುದಿಲ್ಲ.

ಕಾಂಟ್ರ್ಯಾಕ್ಟ್‌ಗೆ ಸಹಿ ಹಾಕುವ ಮೊದಲು ಒಂದು ಕೇಳಿ: ಎಷ್ಟು ಹೊತ್ತಿಗೆ ಬರಬೇಕು ಅನ್ನುವುದು ಕಡ್ಡಾಯವೇ, ಇಲ್ಲ ಗ್ಲೈಟ್‌ಝೈಟ್ ಇದೆಯೇ? ಗ್ಲೈಟ್‌ಝೈಟ್ ಇದ್ದರೆ ಶುರು ಮಾಡುವ ಹೊತ್ತು ನಿಮಗೇ ಬಿಟ್ಟದ್ದು, ಯೋಚನೆಯಿಲ್ಲದೆ ಒಪ್ಪಿಕೊಳ್ಳಿ. ಬೆಳಿಗ್ಗೆ ಎಂಟಕ್ಕೆ ಕುರ್ಚಿಯಲ್ಲಿರಲೇಬೇಕು ಅಂದರೆ ಐದೂವರೆ ಹೊತ್ತಿಗೇ ರೈಲು ಹತ್ತಬೇಕಾಗುತ್ತದೆ. ಆಖನ್‌ನ ಜನವರಿ ಚಳಿಯಲ್ಲಿ ಅದನ್ನು ಮಾಡಬಲ್ಲಿರಾ, ನೀವೇ ಯೋಚಿಸಿ.